ಭಾವನ ಮಿಸ್ಸು, ಎತ್ತಿದರೆ ಕೆಟ್ಟಿರಿ!

ನಮ್ಮ ಭಾವನಿಗೆ ಫೋನು ಇದೆ, ನಾಲಿಗೆಯೂ ಇದೆ. ಆದರೆ ಎರಡೂ ಒಂದೇ ಹೊತ್ತಿಗೆ ಕೆಲಸ ಮಾಡಿದ್ದನ್ನು ಕಂಡವರು ಕುಂಬ್ಡಾಜೆಯಿಂದ ಬೋವಿಕಾನದವರೆಗೆ ಹುಡುಕಿದರೂ ಒಬ್ಬರೂ ಸಿಗಲಿಕ್ಕಿಲ್ಲ!

ಭಾವ ಎಂದರೆ ನನ್ನ ಅಕ್ಕನ ಗಂಡ. ಮಾತು ಬಾರದ ಮನುಷ್ಯ ಎಂದು ತಿಳಿಯಬೇಡಿ. ಮನೆ ಕುಂಬ್ಡಾಜೆಯ ಗುಡ್ಡದ ಮೇಲೆ, ಬೋವಿಕಾನದಲ್ಲಿ ಅವರದ್ದೊಂದು ಪೈಪು, ನಲ್ಲಿ, ಪೈಂಟಿನ ಅಂಗಡಿಯಿದೆ. ಅಲ್ಲಿಗೆ ಒಂದು ವಾಷರ್ ಕೇಳಿಕೊಂಡು ಹೋದವರು ತಮ್ಮ ಮನೆಯ ನಲ್ಲಿ ಯಾಕೆ ಸೋರುತ್ತದೆ, ಪಕ್ಕದ ಮನೆಯದ್ದು ಯಾಕೆ ಸೋರುವುದಿಲ್ಲ, ಭಾವ ಹಿಂದೆ ದುಡಿದ ಶಾರ್ಜಾದಲ್ಲಿ ನಲ್ಲಿ ತಿರುಗಿಸಿದರೆ ಬೇಸಗೆಯಲ್ಲಿ ಎಂಥ ಕುದಿನೀರು ಬರುತ್ತದೆ ಎಂಬುದನ್ನೆಲ್ಲ ಕೇಳಿ, ಒಂದು ಚಾ ಕುಡಿದು, ವಾಷರ್ ಮರೆತು ಮನೆಗೆ ಹೋಗುತ್ತಾರೆ. ಅಂಥ ಬಾಯಿ! ಆ ಬಾಯಿಗೂ ಫೋನಿಗೂ ಮಾತ್ರ ಹಾವು ಮುಂಗುಸಿಯ ಸಂಬಂಧ.

ಹಾಗಾದರೆ ಫೋನು ಯಾಕೆ ಇಟ್ಟುಕೊಂಡಿದ್ದಾರೆ? ಮಿಸ್ ಕೊಡಲಿಕ್ಕೆ!

ನಿಮಗೆ ನೆನಪಿರಬಹುದು, ಕರೆಗೆ ದುಡ್ಡು ಹೋಗುತ್ತಿದ್ದ ಕಾಲದಲ್ಲಿ ನಾವೆಲ್ಲ ಮಿಸ್ ಕೊಟ್ಟವರೇ. ರಿಂಗಾಯಿಸುವುದು, ಆ ಕಡೆಯವರು ಎತ್ತುವ ಮೊದಲು ಕಟ್ ಮಾಡುವುದು. ಈಗ ರೀಚಾರ್ಜ್ ಮಾಡಿದರೆ ತಿಂಗಳಿಡೀ ಹರಟಬಹುದು. ಮಿಸ್ ಕೊಡುವವರು ಮ್ಯೂಸಿಯಮ್ಮಿನಲ್ಲೂ ಸಿಗುವುದಿಲ್ಲ. ನಮ್ಮ ಮನೆಯಲ್ಲಿ ಮಾತ್ರ ಒಬ್ಬರು ಉಳಿದಿದ್ದಾರೆ, ಗಟ್ಟಿಮುಟ್ಟಾಗಿದ್ದಾರೆ!

ಅವರ ಮಿಸ್ಸಿಗೆ ಶಾಸ್ತ್ರ ಉಂಟು. ಮಧ್ಯಾಹ್ನದ ಮೊದಲು ಅಕ್ಕನಿಗೆ ಒಂದು ರಿಂಗು ಬಂದರೆ ಊಟಕ್ಕೆ ಬರುತ್ತೇನೆ ಎಂದರ್ಥ. ಎರಡು ಬಂದರೆ ಬರುವುದಿಲ್ಲ. ಸಂಜೆ ಒಂದು ಬಂದರೆ ಅಂಗಡಿಯಿಂದ ಹೊರಟೆ, ನೀರು ಕಾಯಿಸು. ನನಗೆ ಒಂದು ಬಂದರೆ ಅಕ್ಕ ಪತ್ರೊಡೆಯೋ ಹಲಸಿನೆಲೆಯ ಕೊಟ್ಟಿಗೆ ಕಡುಬೋ ಮಾಡಿದ್ದಾಳೆ, ಬಾ. ಎರಡು ಬಂದರೆ ಅಕ್ಕ ಸಿಟ್ಟಿನಲ್ಲಿದ್ದಾಳೆ, ಈಗ ಬಂದು ಸಾಯಬೇಡ! ಇನ್ನು ರಿಂಗು ನಿಲ್ಲದೆ ಹೊಡೆದುಕೊಳ್ಳುತ್ತಲೇ ಇದ್ದರೆ ಅದು ಅಪಾಯ. ಆಗ ಮಾತ್ರ ಎತ್ತಬೇಕು. ಈ ಕೊನೆಯ ನಿಯಮ ದೇವರ ದಯೆಯಿಂದ ಅಷ್ಟು ವರ್ಷ ಬಳಕೆಗೆ ಬಂದಿರಲಿಲ್ಲ.

ನಾವೆಲ್ಲ ಇದಕ್ಕೆ ಒಗ್ಗಿಕೊಂಡವರು. ಒಗ್ಗದೆ ಸಂಕಟಪಡುತ್ತಿದ್ದವಳು ಒಬ್ಬಳೇ, ಭಾವನ ಒಬ್ಬಳೇ ಮಗಳು ಸ್ವಾತಿ. ಮದುವೆಯಾಗಿ ಮಸ್ಕತ್ತಿನಲ್ಲಿದ್ದಾಳೆ, ಅವಳಿಗೊಂದು ಪುಟ್ಟ ಹೆಣ್ಣುಮಗು. ಅವಳಿಗೂ ಅಪ್ಪನಿಂದ ಸಿಗುವುದು ದಿನಕ್ಕೊಂದು ಮಿಸ್ಸು. ಒಂದು ದಿನ ನನಗೆ ಫೋನು ಮಾಡಿ ಅತ್ತೇಬಿಟ್ಟಳು. (ನಮ್ಮ ಮನೆಮಾತು ತುಳು. ಅವಳು ತುಳುವಿನಲ್ಲಿ ಅತ್ತದ್ದನ್ನು ನಿಮಗೋಸ್ಕರ ಕನ್ನಡದಲ್ಲಿ ಹೇಳುತ್ತಿದ್ದೇನೆ.)

"ಚಿಕ್ಕಮ್ಮಾ, ನನಗೆ ಚಿನ್ನ ಬೇಡ, ಎಂತದೂ ಬೇಡ. ಅಪ್ಪ ಒಂದು ಸಲ ಫೋನಿನಲ್ಲಿ ನನಗೆ ಹಲೋ ಹೇಳ್ಬೇಕು. ಅಷ್ಟೇ. ಇಲ್ಲಿ ಎಲ್ಲರ ಅಪ್ಪಂದಿರು ಮಾತಾಡ್ತಾರೆ. ನನ್ನ ಅಪ್ಪನಿಗೆ ಮಾತ್ರ ನಾನು ಒಂದು ರಿಂಗು! ನೀನು ಎಲ್‌ಕೆಜಿ ಮಕ್ಕಳ ಬಾಯಿ ಬಿಡಿಸುವವಳಲ್ವಾ, ಅಪ್ಪನ ಬಾಯಿ ಬಿಡಿಸು."

ನಾನು ಇಂಗ್ಲಿಷ್ ಮೀಡಿಯಮ್ ಶಾಲೆಯಲ್ಲಿ ಎಲ್‌ಕೆಜಿ ಟೀಚರು. ಎಂಥೆಂಥ ಹಟದ ಮಕ್ಕಳಿಂದ ಪದ್ಯ ಹೇಳಿಸಿದ್ದೇನೆ. ಒಬ್ಬ ಭಾವನಿಂದ ಒಂದು ಹಲೋ ಹೇಳಿಸಲಾರೆನೇ? ಆಗಲಿ ಎಂದು ಸೆರಗು ಕಟ್ಟಿದೆ.

ಟೀಚರು ಹೊರಟರೆ ಹೇಗೆ ಹೊರಡುತ್ತಾಳೆ? ಡಿಕ್ಷನರಿ ಹಿಡಿದುಕೊಂಡು! ಕಾಲೇಜಿನಲ್ಲಿ ನನಗೆ ಬಹುಮಾನ ಬಂದದ್ದೊಂದು ದಪ್ಪ ಡಿಕ್ಷನರಿ ಇದೆ. ಅದರ ಮುಖ್ಯ ಕೆಲಸ ಹಪ್ಪಳದ ಹಿಟ್ಟಿನ ಮೇಲೆ ಭಾರ ಇಡುವುದು. ಅದನ್ನು ಒರೆಸಿ ಅಂಗಡಿಗೆ ಕೊಂಡುಹೋದೆ.

"ಭಾವ, ಇಲ್ಲಿ ನೋಡಿ. ಮಿಸ್ ಅಂದ್ರೆ ಮೊದಲನೇ ಅರ್ಥ, ಗುರಿ ತಪ್ಪುದು."

"ನನ್ನದು ಯಾವತ್ತು ತಪ್ಪಿದ್ದು? ಇಲ್ಲಿ ಒತ್ತಿದ್ರೆ ಅಲ್ಲಿ ನಿನ್ನ ಅಕ್ಕ ಅಕ್ಕಿ ತೊಳೀತಾಳೆ!"

"ಎರಡನೇದು, ಸಿಗದೆ ಹೋಗುದು. ಬಸ್ಸು ಮಿಸ್ಸಾಯ್ತು ಹೇಳ್ತೇವಲ್ಲ, ಹಾಗೆ. ಮಿಸ್ ಕಾಲ್ ಅಂದ್ರೆ ತಲುಪದೇ ಇದ್ದ ಕಾಲ್, ಭಾವ."

"ಅದು ಆ ಪುಸ್ತಕ ಬರೆದವನ ಊರಿನಲ್ಲಿ. ಇಲ್ಲಿ ತಲುಪಿದ ಮೇಲೆಯೇ ಅದಕ್ಕೆ ಮಿಸ್ ಹೇಳುದು. ತಲುಪದಿದ್ರೆ ಅದಕ್ಕೆ ರೇಂಜಿಲ್ಲ ಹೇಳುದು. ಇಷ್ಟು ದಪ್ಪದ ಪುಸ್ತಕದಲ್ಲಿ ಇದು ಇಲ್ವಾ? ವಾಪಸು ಕೊಡು ಮಾರಾಯ್ತಿ, ಮೋಸ ಆಗಿದೆ ನಿಂಗೆ."

"ಮೂರನೇದು, ಮದುವೆ ಆಗದ ಹುಡುಗಿ."

ಭಾವ ಕಣ್ಣರಳಿಸಿದರು. "ಹಾಗಾದ್ರೆ ನಿನ್ನನ್ನು ಶಾಲೆಯಲ್ಲಿ ಮಕ್ಕಳು ಮಿಸ್, ಮಿಸ್ ಅಂತ ಕರೆಯುದು? ನಿನ್ನ ಮಗನಿಗೆ ಮೀಸೆ ಬಂತು! ಇದು ನಿನ್ನ ಗಂಡನಿಗೆ ಗೊತ್ತುಂಟಾ?"

ಅಂಗಡಿಯಲ್ಲಿದ್ದ ಇಬ್ಬರು ಪ್ಲಂಬರುಗಳು ಪೈಪಿನ ಹಿಂದೆ ಅಡಗಿ ನಕ್ಕರು. ನಾನು ಸಿಟ್ಟಿನಿಂದ ನಾಲ್ಕನೆಯ ಅರ್ಥ ಓದಿದೆ. "ದೂರ ಇರುವವರನ್ನು ನೆನೆದು ಬೇಜಾರಾಗುದು."

ಅದಕ್ಕೂ ಏನಾದರೂ ತಮಾಷೆ ಬರುತ್ತದೆ ಎಂದು ಕಾದೆ. ಭಾವ ತಕ್ಕಡಿಯ ಮೇಲಿನ ಧೂಳು ಒರೆಸಿದರು. "ಚಾ ಕುಡೀತಿಯಾ?" ಎಂದರು. ಡಿಕ್ಷನರಿ ವಾಪಸು ಹಪ್ಪಳದ ಹಿಟ್ಟಿನ ಮೇಲೆ ಕೂತಿತು.

ಸರಿ, ಶಬ್ದದಿಂದ ಆಗದಿದ್ದರೆ ಅನುಭವದಿಂದಲಾದರೂ ಬುದ್ಧಿ ಬರಲಿ ಎಂದು ಕಾದೆ. ಅನುಭವಕ್ಕೇನು ಬರಗಾಲ? ನಮ್ಮ ಕಡೆ ಸ್ಕೂಟರಿನಲ್ಲಿ ಮೀನು ತರುವ ಅದ್ದುಚ್ಚನ ಹತ್ತಿರವೂ ಭಾವನದ್ದು ಇದೇ ವ್ಯವಹಾರ. ಒಂದು ರಿಂಗು ಕೊಟ್ಟರೆ ಬಂಗುಡೆ, ಎರಡು ಕೊಟ್ಟರೆ ಬೂತಾಯಿ. ಒಂದು ದಿನ ಅಕ್ಕ ಬೂತಾಯಿಗೆಂದು ಮಸಾಲೆ ಕಡೆದಿಟ್ಟು ಕಾದರೆ ಅದ್ದುಚ್ಚ ತಂದದ್ದು ಬಂಗುಡೆ. ಭಾವ ಅಂಗಳಕ್ಕಿಳಿದರು.

"ನಾನು ಎರಡು ಕೊಟ್ಟಿದ್ದೆ!"

"ನನಗೆ ಬಂದದ್ದು ಒಂದೇ. ಬೇಕಾದ್ರೆ ಫೋನು ನೋಡಿ."

"ಹಾಗಾದ್ರೆ ಇನ್ನೊಂದು ಎಲ್ಲಿ ಹೋಯ್ತು?"

ಅದ್ದುಚ್ಚ ಗಡ್ಡ ತುರಿಸಿಕೊಂಡ. "ಗುಡ್ಡ ಹತ್ತುವಾಗ ದಾರಿಯಲ್ಲಿ ಬಿದ್ದಿರ್ಬೇಕು ಧಣಿ. ನಾಳೆ ಬರುವಾಗ ಹುಡುಕಿ ತರ್ತೇನೆ, ಇವತ್ತು ಬಂಗುಡೆ ತಿನ್ನಿ!"

ಇದರಿಂದ ಭಾವ ಪಾಠ ಕಲಿತರೇ? ಕಲಿತರು. ಮರುದಿನದಿಂದ ಬೂತಾಯಿಗೆ ಒಂದು, ಬಂಗುಡೆಗೆ ಎರಡು ಎಂದು ಬದಲಾಯಿಸಿದರು. ಅಷ್ಟೇ ಅವರು ಕಲಿತದ್ದು.

ಇನ್ನೊಮ್ಮೆ ಮಳೆಗೆ ಕರೆಂಟು ಹೋದಾಗ ಕರೆಂಟಿನ ಆಫೀಸಿಗೂ ಮಿಸ್ ಕೊಟ್ಟರು! ಅಲ್ಲಿ ಎತ್ತುವುದು ಮನುಷ್ಯರಲ್ಲ, ಮೆಷಿನು. ಮೊದಲ ರಿಂಗು ಮುಗಿಯುವ ಮೊದಲೇ ಅದು ಹೆಂಗಸಿನ ದನಿಯಲ್ಲಿ, ನಮ್ಮ ಗಡಿನಾಡಿನ ಆಫೀಸು ಭಾಷೆ ಮಲಯಾಳದಲ್ಲಿ ನಮಸ್ಕಾರ ಹೇಳಿ, ಇದಕ್ಕೆ ಇದನ್ನು ಒತ್ತಿ, ಅದಕ್ಕೆ ಅದನ್ನು ಒತ್ತಿ ಎಂದು ಶುರುಮಾಡಿತಂತೆ. ಭಾವ ಬೆಚ್ಚಿ ಕಟ್ ಮಾಡಿದರು. ಮತ್ತೆ ಕೊಟ್ಟರು, ಮತ್ತೆ ಎತ್ತಿತು. ಕತ್ತಲೆಯಲ್ಲಿ ಕೂತು ಅಕ್ಕನಿಗೆ ಹೇಳಿದರಂತೆ, "ಎಂತ ಸಂಸ್ಕಾರ ಇಲ್ಲದ ಹೆಂಗಸು ಮಾರಾಯ್ತಿ! ಮಿಸ್ ಕೊಡ್ಲಿಕ್ಕೂ ಬಿಡುದಿಲ್ಲ."

ಆದರೆ ಇವೆಲ್ಲವನ್ನೂ ಮೀರಿಸಿದ್ದು ಅಳಿಯನ ಪ್ರಸಂಗ. ಅದು ಇದಕ್ಕೆಲ್ಲ ಹಿಂದೆ, ಸ್ವಾತಿಯ ಮದುವೆಯಾದ ಹೊಸತು. ಅಳಿಯ ಪುತ್ತೂರು ಕಡೆಯವನು. ಸಂಭಾವಿತ, ಹಿರಿಯರೆಂದರೆ ಭಯಭಕ್ತಿ. ನಮ್ಮ ಮನೆಯ ಶಾಸ್ತ್ರವನ್ನು ಅವನಿಗೆ ಹೇಳಿಕೊಡಲು ಮದುವೆಯ ಗಡಿಬಿಡಿಯಲ್ಲಿ ಯಾರಿಗೂ ನೆನಪಾಗಿರಲಿಲ್ಲ. ಒಂದು ಸಂಜೆ ಭಾವ ಅವನಿಗೆ ಒಂದು ಮಿಸ್ ಕೊಟ್ಟರು. ಹಿತ್ತಿಲಿನ ಹಲಸು ಹಣ್ಣಾಗಿದೆ, ನಾಳೆ ಬಾ ಎಂದು ಅದರ ಅರ್ಥ. (ಅದು ಅವನಿಗೆ ಹೇಗೆ ಗೊತ್ತಾಗಬೇಕು ಎಂದು ಕೇಳಬೇಡಿ. "ಹಲಸಿನ ಕಾಲದಲ್ಲಿ ಮಾವನ ಮನೆಯಿಂದ ಮತ್ತೆಂತಕ್ಕೆ ಮಿಸ್ ಬರುದು?" ಎನ್ನುತ್ತಾರೆ ಭಾವ.)

ಮಾವನ ಹೆಸರು ಕಂಡದ್ದೇ ಅಳಿಯ ಎದ್ದು ನಿಂತು ಎತ್ತಿದ. "ನಮಸ್ಕಾರ ಮಾವಾ!"

ಮಾವ ಕಟ್!

ಲೈನು ಹೋಯಿತೆಂದು ಅಳಿಯ ತಿರುಗಿ ಮಾಡಿದ. ಕಟ್. ಮತ್ತೊಮ್ಮೆ ಮಾಡಿದ. ಮತ್ತೂ ಕಟ್. ನಾಲ್ಕನೆಯ ಸಲ ಮಾಡುವಾಗ ಸ್ವಿಚ್ ಆಫ್! ಪಾಪದ ಹುಡುಗನಿಗೆ ಬೆವರಿಳಿಯಿತು. ಮಾವ ಸಿಟ್ಟಾಗಿದ್ದಾರೆ. ಯಾಕೆ? ಮದುವೆಯ ದಿನ ಎರಡನೇ ಸಲ ಪಾಯಸ ಬಡಿಸಲು ಬಂದಾಗ ಎಲೆಗೆ ಕೈ ಅಡ್ಡ ಹಿಡಿದದ್ದಕ್ಕೇ? ಸ್ವಾತಿಯ ಗೆಳತಿಯರ ಹತ್ತಿರ ಹೆಚ್ಚು ನಕ್ಕದ್ದಕ್ಕೇ? ಸ್ವಾತಿ ಆ ದಿನ ಗೆಳತಿಯ ಮನೆಗೆ ಹೋಗಿದ್ದಳು, ಬಿಡಿಸಿ ಹೇಳುವವರು ಯಾರೂ ಇರಲಿಲ್ಲ. ಅವಳು ಮನೆಗೆ ಬರುವಷ್ಟರಲ್ಲಿ ಅವನ ಅಪ್ಪ, ಅಮ್ಮ, ದೊಡ್ಡಪ್ಪ ಸೇರಿ ಪಂಚಾತಿಕೆ ಮುಗಿಸಿ, ಕ್ಷಮೆ ಕೇಳುವುದೆಂದು ತೀರ್ಮಾನಿಸಿ ಆಗಿತ್ತು. ಅವಳು "ಅದು ಮಿಸ್ಸು, ಬರೀ ಮಿಸ್ಸು!" ಎಂದರೆ, ತವರಿನ ಮಾನ ಕಾಪಾಡುತ್ತಿದ್ದಾಳೆ ಎಂದು ಅವಳನ್ನೇ ಸಮಾಧಾನ ಮಾಡಿದರಂತೆ!

ಮರುದಿನ ಬೆಳಿಗ್ಗೆ ಒಂದು ಕಾರು ತುಂಬ ಜನ, ಬಾಳೆಹಣ್ಣಿನ ಗೊನೆ, ಸ್ವೀಟಿನ ಪೆಟ್ಟಿಗೆ ಸಮೇತ ಕುಂಬ್ಡಾಜೆಯ ಗುಡ್ಡ ಹತ್ತಿ ಬಂದರು. ಎಲ್ಲರ ಮುಖವೂ ಬಾಡಿದೆ. ಭಾವ ಹಲಸಿನ ಮೇಣಕ್ಕೆ ಕೈಗೆ ಎಣ್ಣೆ ಹಚ್ಚಿಕೊಂಡು ಜಗಲಿಯಲ್ಲಿ ನಗುತ್ತ ನಿಂತಿದ್ದಾರೆ. ಬೀಗರು ಬಾಯಿ ತೆರೆಯುವ ಮೊದಲೇ ಎಲ್ಲರ ಕೈಯಲ್ಲೂ ತೊಳೆ ಇಟ್ಟಾಗಿತ್ತು. ಆಮೇಲೆ ನನ್ನನ್ನು ಬದಿಗೆ ಕರೆದು ಪಿಸುಗುಟ್ಟಿದರು, "ನೋಡಿದಿಯಾ? ಒಂದೇ ಮಿಸ್ಸಿಗೆ ಇಡೀ ಸಂಸಾರ ಬಂತು! ಮಾತಾಡಿ ಕರೆದಿದ್ರೆ ಇಷ್ಟು ಜನ ಸೇರ್ತಿದ್ರಾ?"

ಇಂಥ ಮನುಷ್ಯನಿಂದ ಹಲೋ ಹೇಳಿಸುವುದು ಹೇಗೆ, ನೀವೇ ಹೇಳಿ! ವೀಡಿಯೊ ಕಾಲಿಗೆ ಕೂರಿಸಿದೆವು. ಅಕ್ಕ ದಿನಾ ರಾತ್ರಿ ಊಟಕ್ಕೆ ಮೊದಲು ಮಗಳ ಹತ್ತಿರ, ಮೊಮ್ಮಗಳ ಹತ್ತಿರ ಮುಖ ನೋಡಿ ಮಾತಾಡುತ್ತಾಳೆ. ಭಾವ ಅವಳ ಹಿಂದೆ ನಿಂತು ಕೈ ಬೀಸುತ್ತಾರೆ. ಬೀಸಿಯೇ ಬೀಸುತ್ತಾರೆ, ಬಸ್ಸು ಹತ್ತಿಸಿ ಕಳಿಸುವವರ ಹಾಗೆ. "ಮಾತಾಡಿ ಅಪ್ಪಾ" ಎಂದು ಸ್ವಾತಿ ಅಂದರೆ ಅಕ್ಕನ ಕಿವಿಯಲ್ಲಿ ಹೇಳುತ್ತಾರೆ, "ಅವಳಿಗೆ ನಾನು ಕಾಣ್ತೇನಲ್ಲ! ಮತ್ತೆಂತ ಮಾತು?"

ಕಳೆದ ರಜೆಯಲ್ಲಿ ಸ್ವಾತಿ ಮಗುವನ್ನು ಕರೆದುಕೊಂಡು ಊರಿಗೆ ಬಂದಳು. ಎದುರಿಗೆ ಸಿಕ್ಕರೆ ಅಪ್ಪನ ಬಾಯಿ ಎಂದಿನ ಹಾಗೆ ಓಡುತ್ತದೆ; ಮೊಮ್ಮಗಳನ್ನು ಹೆಗಲ ಮೇಲೆ ಕೂರಿಸಿಕೊಂಡು ಇಡೀ ಹಿತ್ತಿಲಿಗೆ ವಿವರಣೆ ಕೊಟ್ಟರು. ಅದನ್ನು ನೋಡಿದಷ್ಟೂ ಸ್ವಾತಿಗೆ ಒಳಗೆ ಕುದಿಯಿತು. ಹೊರಡುವ ಹಿಂದಿನ ಸಂಜೆ ಅಕ್ಕ, ಸ್ವಾತಿ, ನಾನು ಮೂವರೂ ಅಡುಗೆಮನೆಯಲ್ಲಿ ಕೂತು ಹಲಸಿನ ಬೀಜದ ಸಿಪ್ಪೆ ತೆಗೆಯುತ್ತಿದ್ದೆವು. ಭಾವ ಅಂಗಡಿಯಲ್ಲಿದ್ದರು. ಅಕ್ಕನ ಫೋನು ಒಂದು ಸಲ ರಿಂಗಾಗಿ ನಿಂತಿತು. ಹೊರಟೆ, ನೀರು ಕಾಯಿಸು.

ಸ್ವಾತಿ ಬೀಜವನ್ನು ಪಾತ್ರೆಗೆ ಎಸೆದಳು. "ನಾಳೆ ನಾನು ಹೋದ ಮೇಲೆ ನನಗೂ ಇಷ್ಟೇ. ಇಷ್ಟು ಮಾತು ಬರ್ತದೆ ಅವರಿಗೆ. ಬೆಕ್ಕಿನ ಹತ್ರ ಮಾತಾಡ್ತಾರೆ! ನನ್ನ ಹತ್ರ ಮಾತಾಡ್ಲಿಕ್ಕೆ ಮನಸ್ಸಿಲ್ಲ, ಅದನ್ನೇ ಬಾಯಿಬಿಟ್ಟು ಹೇಳ್ಲಿಕ್ಕೆ ಹೇಳು ಅವರಿಗೆ, ಅಮ್ಮ."

ನಾನು ಯಥಾಪ್ರಕಾರ ನಗಿಸಲು ಹೊರಟೆ. "ಜಿಪುಣ ಮಾರಾಯ್ತಿ ನಿನ್ನ ಅಪ್ಪ. ಗಲ್ಫಿನಲ್ಲಿ ಉಳಿಸಿದ್ದೇ ಉಳಿಸಿದ್ದು..."

"ಸುಮ್ಮನಿರು ನೀನು," ಎಂದಳು ಅಕ್ಕ. ಅವಳು ನನಗೆ ಹಾಗೆ ಹೇಳುವುದು ಕಡಿಮೆ. ಕತ್ತಿ ಕೆಳಗಿಟ್ಟು ಮಗಳ ಕಡೆ ತಿರುಗಿದಳು.

"ನೀನು ನಡೀಲಿಕ್ಕೆ ಕಲಿತ ವರ್ಷ ಅವರು ಶಾರ್ಜಾಕ್ಕೆ ಹೋದದ್ದು. ಮೊದಲು ವಾರಕ್ಕೊಮ್ಮೆ ಫೋನು ಮಾಡಿ ಮಾತಾಡ್ತಿದ್ರು. ರಿಸೀವರು ನಿನ್ನ ಕಿವಿಗೆ ಇಟ್ರೆ ನಗ್ತಿದ್ದಿ. ಆಮೇಲೆ ದನಿ ಉಂಟಲ್ಲ, ಜನ ಎಲ್ಲಿ ಅಂತ ಹುಡುಕ್ಲಿಕ್ಕೆ ಶುರು. ಫೋನಿನ ಹಿಂದೆ ನೋಡುದು, ಬಾಗಿಲ ಹಿಂದೆ ನೋಡುದು, ಮಂಚದ ಅಡಿಯಲ್ಲಿ ನೋಡುದು. ಸಿಗದಿದ್ರೆ ಬಿದ್ದು ಹೊರಳಿ ಅಳುದು. ಅನ್ನ ಇಲ್ಲ, ನಿದ್ರೆ ಇಲ್ಲ, ಒಂದೊಂದು ಸಲ ಜ್ವರವೂ ಬರ್ತಿತ್ತು. ಒಂದು ದಿನ ಆ ಅಳು ಪೂರಾ ಆ ಕಡೆ ಅವರಿಗೆ ಕೇಳಿತು. ಮತ್ತೆ ಅವರು ಮಾತಾಡ್ಲಿಲ್ಲ. ಸಂಜೆ ದೀಪ ಇಡುವ ಹೊತ್ತಿಗೆ ಒಂದು ರಿಂಗು ಕೊಡುದು, ಅಷ್ಟೇ. ರಿಂಗಿಗೆ ನೀನು ಅಳ್ತಿರ್ಲಿಲ್ಲ. 'ಅಪ್ಪ, ಅಪ್ಪ' ಅಂತ ಚಪ್ಪಾಳೆ ತಟ್ಟಿ ಕುಣೀತಿದ್ದಿ. ನಾನು ಎತ್ತುದಿಲ್ಲ, ಅವರು ಮಾತಾಡುದಿಲ್ಲ. ನೀನು ಉಣ್ತಿದ್ದಿ."

ಸ್ವಾತಿ ತಾನು ಎಸೆದ ಬೀಜವನ್ನು ಹೆಕ್ಕಿ ಮತ್ತೆ ಸಿಪ್ಪೆ ತೆಗೆಯತೊಡಗಿದಳು.

"ನೀನು ದೊಡ್ಡವಳಾದಿ. ಅವರಿಗೆ ಆ ಹೆದರಿಕೆ ಹೋಗ್ಲಿಲ್ಲ. ಈಗ ನಿನ್ನ ಮಗಳೂ ಉಂಟಲ್ಲ ಆ ಕಡೆ," ಎಂದು ಅಕ್ಕ ಮತ್ತೆ ಕತ್ತಿ ಎತ್ತಿಕೊಂಡಳು. "ನಾನು ಹೇಳಿದ್ದೇನೆ ಅಂತ ಅವರಿಗೆ ಗೊತ್ತಾಗ್ಬಾರ್ದು. ಮರ್ಯಾದೆ ಹೋಗ್ತದೆ ಅವರಿಗೆ."

ಅಂಗಳದಲ್ಲಿ ಭಾವನ ಬೈಕಿನ ಸದ್ದಾಯಿತು. ಮರುದಿನ ಹೊರಡುವಾಗ ಸ್ವಾತಿ ಹಲೋ ಕೇಳಲಿಲ್ಲ. ಮಸ್ಕತ್ತಿಗೆ ಹೋದ ಮೇಲೆ ಅವಳೇ ಸಂಜೆಗೊಂದು ಮಿಸ್ ಕೊಡಲು ಶುರುಮಾಡಿದಳು. ಒಂದು ರಿಂಗು, ಕಟ್. ಭಾವ "ಹ್ಞಾಂ" ಎಂದು ಫೋನಿಗಲ್ಲ, ಗಾಳಿಗೆ ಹೇಳಿ, ತಿರುಗಿ ಒಂದು ಕೊಡುವುದು. ಕೆಲವು ದಿನದಲ್ಲೇ ಅದು ಮಗುವಿನ ಕೆಲಸವಾಯಿತು. ಅಜ್ಜನ ಫೋಟೋ ಒತ್ತುವುದು ಮೊಮ್ಮಗಳು, ಕಟ್ ಮಾಡುವುದು ಸ್ವಾತಿ.

ಮೊನ್ನೆ ನಮ್ಮ ಅಡುಗೆಮನೆಯ ನಲ್ಲಿ ಸೋರಲು ಶುರುವಾಯಿತೆಂದು ಶಾಲೆ ಬಿಟ್ಟವಳು ನೇರ ಭಾವನ ಅಂಗಡಿಗೆ ಹೋದೆ. ಭಾವ ಒಬ್ಬ ಗಿರಾಕಿಗೆ ಬಿಳಿ ಪೈಪಿಗೂ ಬೂದು ಪೈಪಿಗೂ ಇರುವ ವ್ಯತ್ಯಾಸವನ್ನು ಪುರಾಣದಂತೆ ವಿವರಿಸುತ್ತಿದ್ದರು. ಮೇಜಿನ ಮೇಲಿದ್ದ ಫೋನು ರಿಂಗಾಯಿತು. ಸ್ವಾತಿಯ ಮುಖ.

"ಹ್ಞಾಂ," ಎಂದರು ಭಾವ, ಪೈಪಿನ ಕಥೆ ಮುಂದುವರಿಸಲು.

ಫೋನು ನಿಲ್ಲಲಿಲ್ಲ. ಮತ್ತೆ ಹೊಡೆಯಿತು. ಮತ್ತೂ ಹೊಡೆಯಿತು. ಭಾವನ ಮಾತು ಅರ್ಧಕ್ಕೆ ನಿಂತಿತು. ಅವರ ಮುಖ ನೋಡಬೇಕಿತ್ತು ನೀವು, ನೋಡದಿದ್ದದ್ದೇ ಒಳ್ಳೆಯದಾಯಿತು. ನಿಲ್ಲದೆ ಹೊಡೆದರೆ ಏನರ್ಥ ಎಂಬ ನಿಯಮ ಮಾಡಿದವರು ಅವರೇ ತಾನೇ!

"ಭಾವ, ಎತ್ತಿ," ಎಂದೆ.

ಕರೆಂಟಿರುವ ವಯರು ಮುಟ್ಟುವವರ ಹಾಗೆ ಬೆರಳು ಚಾಚಿದರು. ಎಲ್ಲೆಲ್ಲೋ ಒತ್ತಿ ಸ್ಪೀಕರೂ ಆನ್ ಆಯಿತು.

"ಹ... ಹಲೋ."

ಎಷ್ಟೋ ದಿನ ನೀರು ನಿಂತ ನಲ್ಲಿಯನ್ನು ತಿರುಗಿಸಿದರೆ ಮೊದಲು ಬರೀ ಗಾಳಿ, ಆಮೇಲೆ ಕೊಕ್ ಕೊಕ್ ಎಂದು ಕೆಮ್ಮಿ, ಆಮೇಲೆ ನೀರು ಬರುತ್ತದಲ್ಲ, ಹಾಗೆ ಬಂತು ಸ್ವರ. "ಹಲೋ! ಎಂತ ಆಯ್ತು ಮಗಾ? ಸ್ವಾತೀ? ಹಲೋ!"

ಆ ಕಡೆಯಿಂದ ಉಸಿರು ಮಾತ್ರ ಕೇಳಿಸಿತು. ಪುಟ್ಟ ಉಸಿರು. ಆಮೇಲೆ, "ಅಜ್ಜ."

ಭಾವ ಪೈಂಟಿನ ಡಬ್ಬಿಯ ಮೇಲೆ ಕೂತುಬಿಟ್ಟರು.

ದೂರದಿಂದ ಸ್ವಾತಿ ಓಡಿಬರುವ ಸದ್ದು. "ಅಯ್ಯೋ, ನೀನು ಯಾವಾಗ ಒತ್ತಿದ್ದು? ಅಮ್ಮ ಬರುವವರೆಗೆ ಒತ್ತಬಾರ್ದು ಹೇಳಿದ್ದಲ್ವಾ, ಕಟ್ ಮಾಡುದು ಯಾರು..." ಎನ್ನುತ್ತ ಬಂದವಳು ಗಪ್ಪನೆ ನಿಂತಳು. "ಅಪ್ಪಾ?"

"ಹ್ಞಾಂ."

"ಎತ್ತಿದ್ರಾ?"

"ನಿಲ್ಲದೆ ಹೊಡೀತಲ್ಲ. ಎಂತ ಆಯ್ತೋ ಅಂತ..." ಭಾವ ಫೋನನ್ನು ಮೇಜಿನಿಂದ ಎತ್ತಿಕೊಂಡರು. "ಮಗು ಅಳ್ತಾ ಉಂಟಾ?"

"ಇಲ್ಲಪ್ಪ."

"ಮತ್ತೆಂತ ಮಾಡ್ತದೆ?"

"ನಿಮ್ಮನ್ನು ಹುಡುಕ್ತಾ ಉಂಟು. ಮಂಚದ ಅಡಿಯಲ್ಲಿ ಬಗ್ಗಿ ನೋಡ್ತಾ ಉಂಟು."

ಭಾವನ ಬೆರಳು ಕೆಂಪು ಗುಂಡಿಯ ಮೇಲೆ ಹೋಯಿತು. ಹೋಯಿತು, ನಾನು ಕಂಡೆ. ಈಗ ಕಟ್ ಎಂದುಕೊಂಡೆ. ಬೆರಳು ಅಲ್ಲೇ ನಿಂತಿತು. ಆಮೇಲೆ ಫೋನನ್ನು ಬಾಯಿಯ ಹತ್ತಿರ ತಂದು, ಬಾವಿಗೆ ಬಗ್ಗಿ ಕರೆಯುವವರ ಹಾಗೆ ಜೋರಾಗಿ ಹೇಳಿದರು:

"ಅಲ್ಲಿ ಇಲ್ಲ ಮಗಾ! ಅಜ್ಜ ಇಲ್ಲಿ, ಬೋವಿಕಾನದಲ್ಲಿ. ಅಂಗಡಿಯಲ್ಲಿ. ಕೇಳ್ತದಾ?"

ಆ ಕಡೆ ಕಿಲಕಿಲ ನಗು. ಮಂಚದ ಅಡಿಯಿಂದಲೇ ಇರಬೇಕು.

"ನೋಡು, ಮಿಸ್ ಕೊಟ್ಟ ಮೇಲೆ ಕಟ್ ಮಾಡ್ಬೇಕು. ಅದು ನಿಯಮ. ಗೊತ್ತಾಯ್ತಾ? ಕಟ್ ಮಾಡು ಈಗ. ಮಾಡು."

ಆ ಕಡೆ ಯಾರೂ ಕಟ್ ಮಾಡಲಿಲ್ಲ. ಈ ಕಡೆಯೂ.

ಗಿರಾಕಿ ಪೈಪು ಹಿಡಿದು ನಿಂತೇ ಇದ್ದ. ನನ್ನ ಹತ್ತಿರ ಬಗ್ಗಿ ಮೆಲ್ಲಗೆ ಕೇಳಿದ, "ಟೀಚರೇ, ನನ್ನ ಪೈಪು?"

"ಸ್ವಲ್ಪ ನಿಲ್ಲಿ," ಎಂದೆ. "ಅವರು ಫೋನಿನಲ್ಲಿದ್ದಾರೆ."